ಬೆನ್ನು ತಿರುಗಿಸಿ ಆಡಿದ ಮಾತು

ತಾನು ಎಷ್ಟು ಸಲ ಸತ್ತಿದ್ದೇನೆಂಬುದು ಮಾಕ್ ಯೌ-ಟಿಂಗ್‌ಗೇ ನೆನಪಿರಲಿಲ್ಲ. ಗುಂಡು ತಿಂದು ಸತ್ತಿದ್ದ, ಮೀನು ಕೊಯ್ಯುವ ಕತ್ತಿಯಿಂದ ಸತ್ತಿದ್ದ, ಬಂದರಿನ ನೀರಿಗೆ ಬಿದ್ದು ಸತ್ತಿದ್ದ, ಒಮ್ಮೆಯಂತೂ ಮಾಜಾಂಗ್ ಆಡುತ್ತ ಆಡುತ್ತ ಮೇಜಿನ ಮೇಲೆಯೇ ಮುಖವಿಟ್ಟು ಪ್ರಾಣ ಬಿಟ್ಟಿದ್ದ. ಹಾಂಗ್‌ಕಾಂಗಿನ ರೌಡಿ ಸಿನಿಮಾಗಳಲ್ಲಿ ಅವನದು ಒಂದೇ ಪಾತ್ರ. ಗುಂಪಿನ ದೊಡ್ಡಣ್ಣನ ಪಕ್ಕದಲ್ಲಿ ಕೂತು, ಅವನ ಅನ್ನ ತಿಂದು, ಮಧ್ಯಂತರ ಕಳೆದ ಮೇಲೆ ಅವನ ಗುಟ್ಟನ್ನು ಎದುರು ಗುಂಪಿಗೆ ಮಾರುವ ದ್ರೋಹಿ. ದೇವರು ಅಂಥ ಮುಖವನ್ನೇ ಕೊಟ್ಟಿದ್ದ, ಪುಣ್ಯಾತ್ಮ. ಒಣಗಿದ ಕೆನ್ನೆ, ಅರೆಮುಚ್ಚಿದ ಕಣ್ಣು, ನಕ್ಕರೂ ಯಾರಿಗೋ ಕೇಡು ಬಗೆದಂತೆ ಕಾಣುವ ತುಟಿ. ಮೀನು ಮಾರುಕಟ್ಟೆಯ ಹೆಂಗಸರು ಅವನನ್ನು ಕಂಡರೆ, "ಬಂದ ನೋಡ್ರೇ ಮನೆಮುರುಕ! ಇವತ್ತು ಯಾರನ್ನ ಮಾರಿ ಬಂದ್ಯೋ?" ಎಂದು ಕಿಚಾಯಿಸಿ, ಆಮೇಲೆ ಒಂದು ಹಿಡಿ ಸಿಗಡಿ ಜಾಸ್ತಿಯೇ ಹಾಕುತ್ತಿದ್ದರು.

ಸಾಯುವ ದೃಶ್ಯ ಮುಗಿದೊಡನೆ ನಿರ್ಮಾಪಕನ ಕಡೆಯವನು ಬಂದು ಕೈಗೊಂದು ಕೆಂಪು ಲಕೋಟೆ ಕೊಡಬೇಕು. ಒಳಗಿರುವುದು ಚಿಲ್ಲರೆ ಕಾಸೇ. ಸುಳ್ಳು ಸಾವಿನ ಅಪಶಕುನ ಕಳೆಯಲೆಂದು ಕೊಡುವ ಕಾಸು ಅದು. ಅದನ್ನು ಮನೆಯ ಹೊಸ್ತಿಲು ದಾಟುವ ಮೊದಲೇ ಸಿಹಿ ತಿಂದು ಮುಗಿಸಬೇಕು, ಇಲ್ಲದಿದ್ದರೆ ಸಾವು ಹಿಂದೆಯೇ ನಡೆದು ಮನೆಗೆ ಬರುತ್ತದೆಂದು ಲೈಟು ಹಿಡಿಯುವವನಿಂದ ಹಿಡಿದು ನಾಯಕನವರೆಗೆ ಎಲ್ಲರೂ ನಂಬಿದವರೇ. ಮಾಕ್ ಒಂದು ಸಲವೂ ತಪ್ಪಿಸಿರಲಿಲ್ಲ. ಲಕೋಟೆ ಕೈಗೆ ಬಿದ್ದರೆ ಸೀದಾ ಬೇಕರಿ. ಮೊಟ್ಟೆ ಹಾಕಿದ ಒಂದು ಸಿಹಿ ಟಾರ್ಟನ್ನು ಅಂಗಡಿಯ ಮುಂದೆ ನಿಂತೇ ತಿಂದು, ಬಾಯಿ ಒರೆಸಿಕೊಂಡು ಮನೆಗೆ.

ಮುಖವೇನೋ ಅವನದು, ಆದರೆ ದನಿ ಅವನದಲ್ಲ. ತೋಯ್ಸಾನ್ ಕಡೆಯ ಹಳ್ಳಿಯವನು ಮಾಕ್. ಮಾತಿನಲ್ಲಿ ಹಳ್ಳಿಯ ರಾಗ ಬೇರೆ, ದನಿಯೋ ಎಣ್ಣೆ ಕಾಣದ ಬಾಗಿಲಿನದು. ಮೊದಲ ಸಿನಿಮಾದಲ್ಲಿ ಅವನು ಬಾಯಿ ತೆರೆದಾಗ ಇಡೀ ಸೆಟ್ಟು ಹೊಟ್ಟೆ ಹಿಡಿದು ನಕ್ಕಿತ್ತು. ಆಗಿನ ಸಿನಿಮಾಗಳಿಗೆಲ್ಲ ಮಾತು ಸೇರಿಸುತ್ತಿದ್ದದ್ದು ಚಿತ್ರೀಕರಣ ಮುಗಿದ ಮೇಲೆಯೇ ಆದ್ದರಿಂದ ಅವನ ಹೊಟ್ಟೆಪಾಡು ಉಳಿಯಿತು. ಅವನ ತುಟಿಗೆ ದನಿ ಕೊಡುತ್ತಿದ್ದವನು ಸಿಟ್ ಪಾಕ್ ಎಂಬಾತ. ಹೆಸರು ಸಿಟ್, ಸಿಟ್ಟು ಮಾತ್ರ ಯಾರೂ ಕಂಡವರಿಲ್ಲ. ಡಬ್ಬಿಂಗ್ ಕೋಣೆಯ ಹಿಂದಿನ ಮೆಟ್ಟಿಲಿನಿಂದ ಬಂದು, ಮೈಕಿನ ಮುಂದೆ ನಿಂತು, ಬಾವಿಯ ತಳದಿಂದ ಬಂದಂಥ ದನಿಯಲ್ಲಿ ನಾಲ್ಕು ಜನರನ್ನು ಕೊಲ್ಲಿಸಿ, ಹಿಂದಿನ ಮೆಟ್ಟಿಲಿನಿಂದಲೇ ಹೋಗಿಬಿಡುತ್ತಿದ್ದ. ಫೋಟೋ ಎಂದರೆ ಮುಖ ತಿರುಗಿಸುತ್ತಿದ್ದ, ಪಾರ್ಟಿ ಎಂದರೆ ಹೊಟ್ಟೆನೋವು. ನಿರ್ಮಾಪಕರು ಮಾಕ್‌ಗೆ ಕಟ್ಟಪ್ಪಣೆ ಮಾಡಿದ್ದರು: "ಬೀದೀಲಿ ಬಾಯಿ ಬಿಡಬೇಡ ಕಣಯ್ಯ. ನಿನ್ನ ಮುಖಕ್ಕೆ ಜನ ಹೆದರ್ತಾರೆ, ದನಿ ಕೇಳಿದ್ರೆ ಟಿಕೆಟ್ ದುಡ್ಡು ವಾಪಸ್ ಕೇಳ್ತಾರೆ." ಹಾಗಾಗಿ ಮಾಕ್ ಹೊರಗೆ ಬರೀ ತಲೆಯಾಡಿಸುತ್ತಿದ್ದ, ಬೆರಳು ತೋರಿಸುತ್ತಿದ್ದ. ಅವನ ಸ್ವಂತ ದನಿ ಗೊತ್ತಿದ್ದದ್ದು ಹೆಂಡತಿ ಫುಂಗ್‌ಗೆ, ಸಿಟ್‌ಗೆ, ಮತ್ತೆ ಸೆಟ್ಟಿನ ಕೆಲವರಿಗೆ.

ಅವತ್ತು ಬೆಳಿಗ್ಗೆ ಕೌಲೂನಿನ ಚಹಾ ಅಂಗಡಿಯಲ್ಲಿ ಅವನು ಗಂಜಿ ಕುಡಿಯುತ್ತ ಕೂತಿದ್ದ. ಎದುರಿನ ಸ್ಟೂಲಿನ ಮೇಲೆ ಒಬ್ಬ ಗಿಡ್ಡ ಆಸಾಮಿ ಬಂದು ಕೂತ. ಅವನ ಕುತ್ತಿಗೆಯ ಹಚ್ಚೆ ನೋಡಿದ್ದೇ ಪಕ್ಕದ ಮೇಜಿನವರು ಅರ್ಧ ಬನ್ನು ಬಿಟ್ಟು ಎದ್ದುಹೋದರು.

"ಮಾಕ್ ಮಾವ, ನಾನು ಲೋಕ್. ಹೋ ಅಣ್ಣನ ಕಾರು ಓಡಿಸ್ತೀನಿ."

ಕ್ವಾನ್ ಹೋ ಎಂದರೆ ಬಂದರಿನ ಇಡೀ ದಂಡೆಯ ಒಡೆಯ. ಸಿನಿಮಾದ ದೊಡ್ಡಣ್ಣನಲ್ಲ, ನಿಜದವನು. ಮಾಕ್ ಚಮಚವನ್ನು ಬಟ್ಟಲಲ್ಲೇ ಬಿಟ್ಟು ಏಳಲು ಹೊರಟ.

"ಹೆದರ್ಕೋಬೇಡಿ, ಊಟಕ್ಕೇ ಕರೀತಿರೋದು," ಲೋಕ್ ನಕ್ಕ. "ನಮ್ಮ ಅಜ್ಜಿಗೆ ಎಂಬತ್ತು ತುಂಬ್ತಾ ಇದೆ, ಹೋ ಅಣ್ಣನ ತಾಯಿ. ಪಾಪ, ಕಣ್ಣು ಹೋಗಿ ಎಷ್ಟೋ ವರ್ಷ ಆಯ್ತು. ಟಿವಿ ನೋಡಲ್ಲ, ಕೇಳ್ತಾರೆ. ಹೋದ ವಾರ ನಿಮ್ಮ ಸಿನಿಮಾ ಬಂತು. ಸಾಯೋಕೆ ಮುಂಚೆ ಅಮ್ಮನಿಗೆ ಫೋನ್ ಮಾಡ್ತೀರಲ್ಲ, ಅದು. ಕೇಳಿದ್ದೇ ಅಜ್ಜಿ ಕೈಲಿದ್ದ ಬಟ್ಟಲು ಬಿಟ್ಬಿಟ್ರು. 'ಇವನು ನನ್ನ ದೊಡ್ಡ ಮಗ, ನನ್ನ ಚುಂಗ್' ಅಂದ್ರು. ಅವತ್ತಿಂದ ಸರಿಯಾಗಿ ಊಟಾನೂ ಇಲ್ಲ, ನಿದ್ದೇನೂ ಇಲ್ಲ."

ಮಾಕ್ ತಲೆಯಾಡಿಸಿದ. ಬೇರೇನು ಮಾಡಿಯಾನು?

"ಚುಂಗ್ ಅಣ್ಣ ಹಾಲೆಂಡಲ್ಲಿ ಇರೋದು ಊರಿಗೆಲ್ಲ ಗೊತ್ತು. ಪ್ರತಿ ಹೊಸ ವರ್ಷಕ್ಕೆ ಅಲ್ಲಿಂದ ಅಜ್ಜಿಗೆ ಫೋನ್ ಬರುತ್ತೆ. ಅದಕ್ಕೇ ಹೋ ಅಣ್ಣ ಅಂದ್ರು, ಮಾಕ್ ಮಾವ ಬಂದು ಅಮ್ಮನ ಮುಂದೆ ಅದೇ ಮಾತು ಹೇಳ್ಲಿ, ಅಮ್ಮನ ಭ್ರಮೆ ಬಿಟ್ಟುಹೋಗ್ಲಿ ಅಂತ." ಲೋಕ್ ಮಾಕ್‌ನ ಗಂಜಿಯಿಂದ ಒಂದು ಕಡಲೆಬೀಜ ಹೆಕ್ಕಿ ಬಾಯಿಗೆ ಹಾಕಿಕೊಂಡ. "ಕೆಲವರಿಗೆ ದನಿ ಬೇರೆಯವರು ಕೊಡ್ತಾರಂತೆ, ಹೌದಾ? ನಿಮ್ಮದೂ ಹಂಗೇ ಆದ್ರೆ ಚಿಂತೆ ಇಲ್ಲ ಮಾವ. ಯಾರು ಅಂತ ಹೆಸರು ಹೇಳಿ ಸಾಕು. ಹೋ ಅಣ್ಣ ತಾವೇ ಹೋಗಿ ಮಾತಾಡಿಸ್ಕೊಂಡು ಬರ್ತಾರೆ." ಎದ್ದು ನಿಂತು ಮಾಕ್‌ನ ಭುಜ ತಟ್ಟಿದ. "ಒಂದು ಮಾತೂ ಆಡಲ್ವಲ್ಲ! ಸಿನಿಮಾದಲ್ಲಿ ಇದ್ದ ಹಂಗೇ ಇದೀರ, ಬಿಡಿ."

ಮಾಕ್ ಅಲ್ಲಿಂದ ನೇರ ಡಬ್ಬಿಂಗ್ ಕೋಣೆಗೆ ಹೋದ. ಸಿಟ್ ಒಬ್ಬನೇ ಕೂತು ಶುಂಠಿ ನೀರು ಕುಡಿಯುತ್ತಿದ್ದ. ಮಾಕ್‌ಗೆ ಆಗಲೂ ಇದು ಅರ್ಧ ತಮಾಷೆಯೇ.

"ಲೋ ಸಿಟ್, ನಮ್ಮಿಬ್ರಿಗೂ ಊಟಕ್ಕೆ ಕರೆ ಬಂದೈತೆ ಕಣೋ! ನಾನು ಬಾಯಿ ಆಡಿಸ್ತೀನಿ, ನೀನು ಮೇಜಿನ ಕೆಳಗೆ ಕುಂತ್ಕೊಂಡು ಮಾತಾಡು. ಯಾವನೋ ಕ್ವಾನ್ ಹೋನ ಅಣ್ಣ ಅಂತೆ, ಚುಂಗ್ ಅಂತೆ, ಅವನ ದನಿ ನಿಂದು ಒಂದೇ ಥರ ಐತಂತೆ..."

ಸಿಟ್ ಲೋಟ ಕೆಳಗಿಟ್ಟ. ಹೋಗಿ ಬಾಗಿಲ ಚಿಲಕ ಹಾಕಿ ಬಂದ.

"ಆ ದೃಶ್ಯದಲ್ಲಿ ನೀನು ಕ್ಯಾಮೆರಾಗೆ ಬೆನ್ನು ಹಾಕಿ ನಿಂತಿದ್ದೆ, ನೆನಪಿದೆಯಾ?" ಎಂದ. "ತುಟಿ ಕಾಣ್ತಿರಲಿಲ್ಲ. ತುಟಿ ಕಾಣದೇ ಹೋದ್ರೆ ನಾವು ಏನು ಬೇಕಾದ್ರೂ ಹೇಳಬಹುದು. ಬರೆದುಕೊಟ್ಟ ಮಾತು ಸಪ್ಪೆ ಇತ್ತು. ಬಾಯಿಗೆ ಬಂದದ್ದು ಹೇಳ್ಬಿಟ್ಟೆ. 'ಸಾರು ಮತ್ತೆ ಬಿಸಿ ಮಾಡಬೇಡಮ್ಮಾ, ನಾನು ತಣ್ಣಗಿದ್ದದ್ದೇ ಕುಡೀತೀನಿ' ಅಂತ. ದಿನಾ ತಡವಾಗಿ ಮನೆಗೆ ಹೋದಾಗ ಹಾಗೇ ಅಂತಿದ್ದೆ. ಅದೊಂದು ಮಾತಿಗೆ ಪಾತ್ರದ ಗತ್ತು ಹೋಗಿ ನನ್ನ ಸ್ವಂತ ದನಿ ಬಂದುಬಿಡ್ತು."

ಮಾಕ್‌ಗೆ ಒಂದು ಕ್ಷಣ ಅರ್ಥವಾಗಲಿಲ್ಲ. ಅರ್ಥವಾದಾಗ ಅಲ್ಲೇ ಇದ್ದ ಫಿಲಂ ಡಬ್ಬಿಗಳ ಮೇಲೆ ಕೂತ.

"ನೀನಾ? ಚುಂಗ್ ನೀನಾ?"

"ಅಪ್ಪ ಸತ್ತ ಮೇಲೆ ಗುಂಪಿನ ಕುರ್ಚಿ ನನಗೆ ಬರಬೇಕಿತ್ತು. ನನಗೆ ಅದು ಬೇಕಿರಲಿಲ್ಲ. ಹೋನಿಗೆ ಹಾಗಂತ ಹೇಳೋಕೆ ಹೋದ ದಿನವೇ ಅವನ ಹುಡುಗರು ಬಂದರಿನ ಕಟ್ಟೆ ಮೇಲೆ ನನ್ನ ಸುತ್ತುವರಿದ್ರು." ಸಿಟ್ ದವಡೆಯ ಕೆಳಗೆ ಚಿಕ್ಕಂದಿನಿಂದ ಇದ್ದ ಗಾಯದ ಗುರುತನ್ನು ಸವರಿಕೊಂಡ. "ನೀರಿಗೆ ಬಿದ್ದೆ, ಹೆಣ ಸಿಗಲಿಲ್ಲ. ನಾನು ಸತ್ತೆ ಅಂದ್ಕೊಂಡು ಹೋ ಅಮ್ಮನಿಗೆ ಹಾಲೆಂಡ್ ಕಥೆ ಕಟ್ಟಿದ. ವರ್ಷಕ್ಕೊಮ್ಮೆ ಯಾವನೋ ಗೊರಗೊರ ಅನ್ನೋ ಫೋನಲ್ಲಿ ನಾನೇ ಅಂತ ಮಾತಾಡ್ತಾನೆ. ನಾನೂ ಸುಮ್ಮನಿದ್ದೆ. ಮುಖ ತೋರಿಸದೆ ಬದುಕೋ ಕೆಲಸ ಇದೊಂದೇ ಇತ್ತು ನೋಡು. ದನಿಗೂ ಮುಖ ಇರುತ್ತೆ ಅನ್ನೋದನ್ನ ಮರೆತೆ. ಈಗ ಹೋನಿಗೆ ನಾನು ಬದುಕಿದೀನಿ ಅಂತ ಅನುಮಾನ."

"ಓಡೋಗು ಮಾರಾಯ! ಇವತ್ತೇ ಮಕಾವ್ ಹಡಗು ಹತ್ತು!"

"ಹತ್ತಿದ್ರೆ ನಿನ್ನನ್ನ ಕೇಳ್ತಾರೆ ಮಾಕ್. ಅವರು ಕೇಳೋ ರೀತಿ ನಿನಗೆ ಗೊತ್ತಿಲ್ಲ. ನೀನು ಸಿನಿಮಾದಲ್ಲಿ ಮಾತ್ರ ಸತ್ತಿರೋದು."

ಮಾಕ್ ಲೋಕ್‌ಗೆ ಒಂದು ಹೆಸರು ಹೇಳಿದರೆ ಮುಗಿಯಿತು. ಸಿಟ್ ಪಾಕ್, ಡಬ್ಬಿಂಗ್ ಕೋಣೆ, ಹಿಂದಿನ ಮೆಟ್ಟಿಲು. ಈ ಕೆಲಸವನ್ನು ಅವನು ಎಷ್ಟು ಸಿನಿಮಾಗಳಲ್ಲಿ ಮಾಡಿಲ್ಲ! ಎಲ್ಲಿ ನಿಲ್ಲಬೇಕು, ಯಾವಾಗ ಸಿಗರೇಟು ಹಚ್ಚಬೇಕು, ಎಲ್ಲವೂ ಕರಗತ. ಆದರೆ ಆ ಮಾತುಗಳನ್ನೆಲ್ಲ ಹೇಳಿದ್ದ ದನಿ ಈಗ ಎದುರಿಗೇ ಕೂತು ಶುಂಠಿ ನೀರು ಕುಡಿಯುತ್ತಿತ್ತು. ಆ ದನಿಯಿಂದಲೇ ಮಾಕ್ ಇಷ್ಟು ವರ್ಷ ಅನ್ನ ತಿಂದಿದ್ದ. ತನ್ನ ಮೇಲೆ ತನಗೇ ಹೇಸಿಗೆಯಾಯಿತು.

"ಕಲಿಸು," ಎಂದ ಮಾಕ್.

"ಏನನ್ನ?"

"ನಿನ್ನ ದನಿ. ಅವತ್ತು ಅಲ್ಲಿ ನಾನೇ ಮಾತಾಡ್ತೀನಿ. ಸಿನಿಮಾದಲ್ಲಿ ಮಾರಿ ಮಾರಿ ಸಾಕಾಗೈತೆ ನಂಗೆ."

ಹುಟ್ಟುಹಬ್ಬದವರೆಗೆ ಇಬ್ಬರೂ ಆ ಕೋಣೆ ಬಿಟ್ಟು ಕದಲಲಿಲ್ಲ ಎನ್ನಬೇಕು. ದನಿಯನ್ನು ಮೂಗಿನಿಂದ ಇಳಿಸಿ ಎದೆಗೆ ತರುವುದೇ ಮೊದಲ ಕಷ್ಟ. ಗಂಟಲು ಕೆರೆದು ಹುಣ್ಣಾಯಿತು. "ಐತೆ ಅನ್ನಬೇಡ, ಇದೆ ಅನ್ನು," ಎಂದು ಸಿಟ್ ಗದರುತ್ತಿದ್ದ. "ಅಮ್ಮಾ ಅನ್ನುವಾಗ ಕೊನೆಗೆ ಎಳೀಬೇಡ, ಅವಳ ಮೊಮ್ಮಗ ಅಲ್ಲ ನೀನು." ತುಟಿ ಆಡಿಸಿ ಇನ್ನೊಬ್ಬನ ಮಾತಿಗೆ ಜಾಗ ಮಾಡಿಕೊಡುವುದೇ ಮಾಕ್‌ನ ಜೀವಮಾನದ ಕಸುಬಾಗಿತ್ತು. ಕೊನೆಕೊನೆಗೆ ಸಿಟ್ ಎಲ್ಲಿ ಉಸಿರೆಳೆಯುತ್ತಾನೋ ಅಲ್ಲೇ ಅವನ ಎದೆಯೂ ಏರತೊಡಗಿತು. ಹುಟ್ಟುಹಬ್ಬದ ಹಿಂದಿನ ದಿನ ಸಿಟ್ ಕಣ್ಣು ಮುಚ್ಚಿಕೊಂಡು ಕೇಳಿದ. "ನನಗೇ ಭಯ ಆಗ್ತಿದೆ," ಎಂದ. "ನಾಳೆ ನಾನು ಇಲ್ಲೇ ಇರ್ತೀನಿ. ಎಲ್ಲ ಮುಗಿದ ಮೇಲೆ ಫೋನ್ ಮಾಡು. ಅಲ್ಲಿಂದ ಹೊರಟ ಮೇಲೂ ಇದೇ ದನಿ ಇರಲಿ. ಅವರ ಕಿವಿ ಎಲ್ಲೆಲ್ಲಿ ಇರುತ್ತೋ ಗೊತ್ತಿಲ್ಲ."

ಮಾಕ್ ಹೆಂಡತಿಗೆ ಏನನ್ನೂ ಹೇಳಿರಲಿಲ್ಲ. ಗೊತ್ತಿಲ್ಲದವಳನ್ನು ಯಾರು ಏನು ಕೇಳಿಯಾರು ಎಂಬುದು ಅವನ ಲೆಕ್ಕ. ಬೆಳಿಗ್ಗೆ ಹೊರಡುವಾಗ ಕಬ್ಬಿಣದ ಗೇಟಿನ ಬಳಿ ನಿಂತು, ಗಂಟಲು ಸರಿಮಾಡಿಕೊಂಡು, ಹಳ್ಳಿಯ ದನಿಯಲ್ಲೇ ಹೇಳಿದ: "ಯಾರ್ ಬಂದು ಬಾಗ್ಲು ಬಡಿದ್ರೂ ತೆಗೀಬ್ಯಾಡ. ನನ್ನ ಹೆಸರು ಹೇಳಿದ್ರೂ ಸೈತ. ನನ್ನ ದನಿ ಕೇಳಿದ ಮೇಲೇ ತೆಗಿ."

"ಅಯ್ಯೋ, ನಿನ್ನ ದನಿ ಇನ್ಯಾರಿಗಿದೆ ಈ ಊರಲ್ಲಿ!" ಫುಂಗ್ ನಕ್ಕಳು. "ಮೂರನೇ ಮಹಡೀಲಿ ಸೀನಿದ್ರೂ ಗೊತ್ತಾಗುತ್ತೆ. ಯಾಕೆ, ಯಾರಾದ್ರೂ ಬರೋರಿದಾರಾ?"

"ಯಾರೂ ಇಲ್ಲ," ಎಂದು ಅವನು ಇಳಿದುಹೋದ.

ಹೋಟೆಲಿನ ಇಡೀ ಮಹಡಿ ಕೆಂಪು ಬಟ್ಟೆ ಉಟ್ಟು ನಿಂತಿತ್ತು. ಮಧ್ಯಾಹ್ನದ ಊಟ. ಮೇಜಿನ ತುಂಬ ಹಂದಿ ಮಾಂಸ, ಅಬಲೋನಿ ಎಂಬ ಚಿಪ್ಪುಮೀನು, ಆಯುಷ್ಯ ಹೆಚ್ಚಲೆಂದು ಮಾಡುವ ಉದ್ದ ನೂಡಲ್ಸು, ಪೀಚ್ ಹಣ್ಣಿನ ಆಕಾರದ ಗುಲಾಬಿ ಬನ್ನುಗಳು. ನೂರಾರು ಗಂಡಸರಿದ್ದರೂ ಗದ್ದಲವಿರಲಿಲ್ಲ. ಸಿನಿಮಾದಲ್ಲಿ ರೌಡಿಗಳು ಕಿರುಚುತ್ತಾರೆ, ಇಲ್ಲಿ ಎಲ್ಲರೂ ಮೆಲ್ಲಗೆ ಅಗಿಯುತ್ತಿದ್ದರು.

ಕ್ವಾನ್ ಹೋ ತೆಳ್ಳಗಿನ ಮನುಷ್ಯ. ಕನ್ನಡಕ ಹಾಕಿದ್ದ, ಶಾಲೆಯ ಮೇಷ್ಟ್ರಂತೆ ಕಾಣುತ್ತಿದ್ದ. ತಾನೇ ಎದ್ದು ಬಂದು ಮಾಕ್‌ನ ಕೈಹಿಡಿದು ತಾಯಿಯ ಪಕ್ಕದ ಕುರ್ಚಿಗೆ ಕೂರಿಸಿದ.

"ಅಮ್ಮಾ, ಬಂದ್ರು ನೋಡು. ಮುಖ ಮುಟ್ಟಿ ನೋಡು. ನಮ್ಮ ಅಣ್ಣ ಅಲ್ಲ, ಸಿನಿಮಾದವರು."

ಮುದುಕಿಯ ಬೆರಳುಗಳು ತಣ್ಣಗಿದ್ದವು. ಮಾಕ್‌ನ ಹಣೆ, ಮೂಗು, ಕೆನ್ನೆಯ ಗುಳಿ ಎಲ್ಲವನ್ನೂ ಸವರಿ, ದವಡೆಯ ಕೆಳಗೆ ಬಂದು ನಿಂತವು. ಸಿಟ್‌ಗಿದ್ದ ಗಾಯದ ಗುರುತು ಅಲ್ಲಿ ಇರಲಿಲ್ಲ.

"ಹೇಳಪ್ಪ," ಎಂದಳು.

ಹೋ ಕನ್ನಡಕ ತೆಗೆದು ಒರೆಸಿಕೊಳ್ಳುತ್ತ ಕಿವಿಯನ್ನು ಈ ಕಡೆಗೆ ವಾಲಿಸಿದ. ಲೋಕ್ ಹಿಂದೆಯೇ ನಿಂತಿದ್ದ. ಮಾಕ್ ಉಸಿರನ್ನು ಎದೆಯ ತಳಕ್ಕೆ ಇಳಿಸಿದ. ತಪ್ಪಿದರೆ ಸಿಟ್ ಸತ್ತ. ಅಷ್ಟೇ ತಲೆಯಲ್ಲಿತ್ತು.

"ಸಾರು ಮತ್ತೆ ಬಿಸಿ ಮಾಡಬೇಡಮ್ಮಾ. ನಾನು ತಣ್ಣಗಿದ್ದದ್ದೇ ಕುಡೀತೀನಿ."

ಬಾವಿಯ ತಳದ ದನಿ. ಅಕ್ಕಪಕ್ಕದ ಮೇಜುಗಳಲ್ಲಿ "ಅದೇ, ಅದೇ" ಎಂಬ ಗುಸುಗುಸು ಎದ್ದಿತು. ಮುದುಕಿಯ ಬೆರಳು ಮಾಕ್‌ನ ಮಣಿಕಟ್ಟನ್ನು ಗಟ್ಟಿಯಾಗಿ ಹಿಡಿಯಿತು, ಉಗುರು ನಾಟುವಷ್ಟು. ಅವಳಿಗೆ ಗೊತ್ತಾಗಿಹೋಯಿತು ಎಂದು ಮಾಕ್‌ಗೆ ಆ ಕ್ಷಣವೇ ತಿಳಿಯಿತು. ಇದು ತನ್ನ ಮಗನಲ್ಲ. ಆದರೆ ಮಗನ ಬಾಯಿಂದಲೇ ಇದನ್ನು ಕಲಿತು ಬಂದವನು. ಅಂದರೆ ಮಗ ಬದುಕಿದ್ದಾನೆ, ಹತ್ತಿರದಲ್ಲೇ ಎಲ್ಲೋ ಇದ್ದಾನೆ. ಕುರುಡು ಕಣ್ಣಿನಲ್ಲಿ ನೀರು ತುಂಬಿತು, ಕೆಳಗಿಳಿಯಲಿಲ್ಲ.

"ಏನಮ್ಮ?" ಹೋ ಕೇಳಿದ. "ಅಣ್ಣನ ದನೀನಾ?"

ಮುದುಕಿ ನಕ್ಕುಬಿಟ್ಟಳು. "ಥೂ, ನನ್ನ ಕಿವಿಗೂ ವಯಸ್ಸಾಯ್ತು ಕಣೋ. ಇದೆಲ್ಲಿಯ ದನಿ! ಹೋದ ಹೊಸ ವರ್ಷ ಚುಂಗ್ ಹಾಲೆಂಡಿಂದ ಮಾತಾಡಿದನಲ್ಲ, ಅವನ ದನಿ ಈಗ ದಪ್ಪ ಆಗಿದೆ, ಆ ಚಳಿಗೆ ಗೊಗ್ಗರು ಬೇರೆ. ಅವನು ಅವನೇ, ಇವರು ಇವರೇ. ನೀನೇ ಫೋನ್ ಕೊಡ್ತೀಯಲ್ಲ ನನ್ನ ಕೈಗೆ, ನಿನಗೆ ಗೊತ್ತಿಲ್ವಾ?"

ಹೋ ಕನ್ನಡಕವನ್ನು ಮತ್ತೆ ಹಾಕಿಕೊಂಡ. ತಾನೇ ಕಟ್ಟಿದ ಸುಳ್ಳನ್ನು ತಾಯಿ ತನ್ನ ಮುಂದೆಯೇ ನಂಬಿ ಕೂತಿದ್ದಾಳೆ. ಅಷ್ಟು ಜನರೆದುರು ಅಲ್ಲ ಎನ್ನುವುದಾದರೂ ಹೇಗೆ? ಮಾಕ್ ಜೀವಮಾನದಲ್ಲಿ ಇಂಥ ನಟನೆ ಕಂಡಿರಲಿಲ್ಲ. ಮುದುಕಿ ಬಟ್ಟಲೆಳೆದುಕೊಂಡು ನೂಡಲ್ಸು ತಿನ್ನತೊಡಗಿದಳು. ಅವಳ ಎಡಗೈ ಮಾತ್ರ ಮೇಜಿನ ಕೆಳಗೆ ಮಾಕ್‌ನ ಮಣಿಕಟ್ಟನ್ನು ಬಿಟ್ಟಿರಲಿಲ್ಲ.

ಹೊರಡುವಾಗ ಹೋ ಲಿಫ್ಟಿನವರೆಗೆ ಬಂದ. "ಚೆನ್ನಾಗಿ ಹೇಳಿದ್ರಿ ಮಾಕ್ ಮಾವ. ಬರೀ ಸಾಯೋ ಪಾತ್ರ ಕೊಡ್ತಾರಲ್ಲ ನಿಮಗೆ, ಅನ್ಯಾಯ." ಒಂದು ಕೆಂಪು ಲಕೋಟೆ ತೆಗೆದು ಮಾಕ್‌ನ ಜೇಬಿಗೆ ತಾನೇ ಇಟ್ಟ. ಹಬ್ಬದ ದಿನ ಎಲ್ಲರಿಗೂ ಕೊಡುವಂಥದೇ ಲಕೋಟೆ. ಮಾಕ್‌ನ ಕಸುಬಿನಲ್ಲಿ ಮಾತ್ರ ಆ ಲಕೋಟೆ ಸತ್ತವನಿಗೆ ಸಿಗುವುದು. "ಲೋಕ್, ಮಾವನ್ನ ಮನೆ ಬಾಗಿಲ ತನಕ ಬಿಟ್ಟು ಬಾ. ಬನ್ನಿನ ಡಬ್ಬಿ ನೀನೇ ಹೊತ್ಕೊಂಡು ಹೋಗು."

ಕಾರಿನಲ್ಲಿ ಲೋಕ್ ಬಾಯಿ ಮುಚ್ಚಲಿಲ್ಲ. "ಕೊನೆಗೂ ನಿಮ್ಮ ಮಾತು ಕೇಳಿದೆ ಮಾವ! ಆ ಬಂದರಿನ ಸಿನಿಮಾದ್ದು ಒಂದು ಡೈಲಾಗ್ ಹೇಳಿ."

ಮಾಕ್ ಸಿಟ್‌ನ ದನಿಯಲ್ಲಿ ಹೇಳಿದ. ಗಂಟಲು ಉರಿಯುತ್ತಿತ್ತು. ಬೇಕರಿ ಹತ್ತಿರವಾದಾಗ, "ಇಲ್ಲಿ ಸ್ವಲ್ಪ ನಿಲ್ಸಪ್ಪ. ಏನಾದ್ರೂ ಸಿಹಿ ತಗೋಬೇಕು," ಎಂದ.

"ಡಬ್ಬಿ ತುಂಬ ಸಿಹಿನೇ ಇದೆಯಲ್ಲ ಮಾವ," ಎಂದು ಲೋಕ್ ನಿಲ್ಲಿಸದೆ ಹೋದ. ಬೀದಿಬದಿಯ ಫೋನ್ ಅಂಗಡಿಯೂ ಹಿಂದಕ್ಕೆ ಸರಿಯಿತು. ಖರ್ಚಾಗದ ಲಕೋಟೆ ಜೇಬಿನಲ್ಲಿ ಹಾಗೇ ಉಳಿಯಿತು. ಇರಲಿ, ಮನೆಯ ಮೆಟ್ಟಿಲ ತನಕ ಬಂದಾಯಿತು, ಸಿಟ್ ಉಳಿದ, ಇವನು ತೊಲಗಿದ ಕೂಡಲೇ ಕೆಳಗಿಳಿದು ಫೋನ್ ಮಾಡಿದರಾಯಿತು ಎಂದು ಮಾಕ್ ತನಗೆ ತಾನೇ ಧೈರ್ಯ ಹೇಳಿಕೊಂಡ.

ಮೆಟ್ಟಿಲ ಮೇಲೆ ಲೋಕ್ ಏದುಸಿರು ಬಿಡುತ್ತ ಡಬ್ಬಿ ಹೊತ್ತು ಹಿಂದೆಯೇ ಬಂದ. ಮಾಕ್ ಗೇಟಿನ ಕಂಬಿಗಳ ನಡುವೆ ಕೈ ತೂರಿಸಿ ಬಾಗಿಲು ತಟ್ಟಿದ.

ಒಳಗೆ ಚಪ್ಪಲಿಯ ಸದ್ದು ಬಂದು ಬಾಗಿಲ ಹಿಂದೆ ನಿಂತಿತು. "ಯಾರು?"

ಆಗ ಮಾಕ್‌ಗೆ ಬೆಳಿಗ್ಗೆ ತಾನಾಡಿದ ಮಾತು ನೆನಪಾಯಿತು. ಲೋಕ್ ಮೊಳದ ದೂರದಲ್ಲಿ ನಿಂತು ನಗುತ್ತಿದ್ದ. ಸ್ವಂತ ದನಿ ತೆಗೆದರೆ ಅವನು ಕೇಳುತ್ತಾನೆ. ತೆಗೆಯದಿದ್ದರೆ ಅವಳು ತೆರೆಯುವುದಿಲ್ಲ.

"ನಾನೇ," ಎಂದ ಮಾಕ್, ಸಿಟ್‌ನ ದನಿಯಲ್ಲಿ. "ಬಾಗಿಲು ತೆಗಿ ಫುಂಗ್."

ಬಾಗಿಲ ಹಿಂದೆ ಒಳಚಿಲಕವನ್ನೂ ಎಳೆದು ಹಾಕಿದ ಸದ್ದು.

"ಯಾರಯ್ಯ ನೀನು?" ಫುಂಗ್ ಒಳಗಿನಿಂದಲೇ ಕೂಗಿದಳು. "ನನ್ನ ಗಂಡನ ಹೆಸರು ಹೇಳ್ಕೊಂಡು ಬಂದ್ರೆ ತೆಗೀತೀನಿ ಅಂದ್ಕೊಂಡ್ಯಾ? ಸಿನಿಮಾದ ದನಿ ತಗೊಂಡು ಬಂದು ನನ್ನನ್ನ ಏಮಾರಿಸ್ತೀಯಾ? ಅವನ ದನಿ ಹಿಂಗಿಲ್ಲ! ಹೋಗು, ಇಲ್ಲಾಂದ್ರೆ ಪೊಲೀಸ್ ಕರೀತೀನಿ!"

ಮಾಕ್ ತಿರುಗಿ ನೋಡಲಿಲ್ಲ. ಲೋಕ್‌ನ ಮುಖದಿಂದ ನಗು ಇಳಿದದ್ದು ಅವನಿಗೆ ಬೆನ್ನಿನಿಂದಲೇ ಗೊತ್ತಾಯಿತು. ಬನ್ನಿನ ಡಬ್ಬಿಯನ್ನು ಲೋಕ್ ಮೆಲ್ಲಗೆ ಗೋಡೆಯ ಬದಿಗೆ ಇಟ್ಟ, ಅಂಗೈ ಒರೆಸಿಕೊಂಡ.

"ಮಾವ," ಎಂದ, ಬಹಳ ಮರ್ಯಾದೆಯಿಂದ. "ಹೋ ಅಣ್ಣನಿಗೆ ಹೇಳ್ಬೇಕು, ಇಲ್ಲಿ ಹತ್ತಿರ ಫೋನ್ ಎಲ್ಲಿದೆ?"